ಒಲ್ಲದ ತೋಳಿಗೆ ಬಂದ ಕೂಸು: ‘ದಿ ಕಿಡ್’ ಚಿತ್ರದಲ್ಲಿ ನಗುವೂ ಅಳುವೂ ಒಂದಾದ ಬಗೆ

ಒಬ್ಬ ಅಲೆಮಾರಿ ಬೀದಿಯ ಅಂಚಿನಲ್ಲಿ ಕೂಸೊಂದನ್ನು ಮಡಿಲಲ್ಲಿಟ್ಟುಕೊಂಡು ಕುಳಿತಿದ್ದಾನೆ. ಕೂಸು ಅವನದಲ್ಲ, ಕಸದ ಡಬ್ಬಿಯ ಪಕ್ಕದಲ್ಲಿ ಸಿಕ್ಕಿದ್ದು. ಅದನ್ನು ಬೇರೆಯವರ ತಲೆಗೆ ಕಟ್ಟಲು ಅವನು ಆಗಲೇ ಬಗೆಬಗೆಯಾಗಿ ಯತ್ನಿಸಿ ಸೋತಿದ್ದಾನೆ. ಈಗ ಅವನ ಕಣ್ಣು ಕಾಲಬುಡದಲ್ಲಿರುವ ಚರಂಡಿಯ ಕಬ್ಬಿಣದ ಜಾಲರಿಯ ಮೇಲೆ ಬೀಳುತ್ತದೆ. ಜಾಲರಿಯನ್ನು ಒಂದಿಷ್ಟು ಎತ್ತುತ್ತಾನೆ, ಯೋಚಿಸುತ್ತಾನೆ, ಮತ್ತೆ ಮುಚ್ಚಿಬಿಡುತ್ತಾನೆ. ಇಡೀ ಪ್ರಸಂಗ ಕೆಲವೇ ಸೆಕೆಂಡುಗಳದು. ಬರೆದು ಹೇಳಿದರೆ ಎದೆ ಝಲ್ಲೆನ್ನಿಸುವ ಈ ಸಂಗತಿಯನ್ನು ತೆರೆಯ ಮೇಲೆ ಕಂಡವರು ನಗುತ್ತಾರೆ. ನೂರು ವರ್ಷಗಳಿಂದಲೂ ನಗುತ್ತ ಬಂದಿದ್ದಾರೆ.

ಇದು ಚಾರ್ಲಿ ಚಾಪ್ಲಿನ್ ನಿರ್ದೇಶಿಸಿ, ಅಲೆಮಾರಿಯಾಗಿ ತಾವೇ ನಟಿಸಿದ ‘ದಿ ಕಿಡ್’. 1921ರ ಜನವರಿ 21ರಂದು ನ್ಯೂಯಾರ್ಕಿನ ಕಾರ್ನೆಗಿ ಹಾಲ್‌ನಲ್ಲಿ ಮೊದಲ ಪ್ರದರ್ಶನ ಕಂಡ ಈ ಮೂಕಿ ಚಿತ್ರವು ಆರು ರೀಲುಗಳದ್ದು, ಅಂದರೆ ಸುಮಾರು 68 ನಿಮಿಷಗಳದ್ದು. ಅಲ್ಲಿಯವರೆಗೆ ಒಂದೆರಡು ರೀಲುಗಳ, ಹೆಚ್ಚೆಂದರೆ ಮೂರು ರೀಲುಗಳ ಕಿರುಚಿತ್ರಗಳಿಂದ ಜಗತ್ತನ್ನು ನಗಿಸಿದ್ದ ಚಾಪ್ಲಿನ್ ಪೂರ್ಣಪ್ರಮಾಣದ ಚಿತ್ರವೊಂದನ್ನು ತಾವೇ ನಿರ್ದೇಶಿಸಿದ್ದು ಇದೇ ಮೊದಲು. ಚಿತ್ರವು ತೆರೆದುಕೊಳ್ಳುವಾಗಲೇ ಒಂದು ಬರಹ ಕಾಣಿಸುತ್ತದೆ: ಇದು ಮುಗುಳ್ನಗೆಯ ಚಿತ್ರ, ಬಹುಶಃ ಒಂದು ಹನಿ ಕಣ್ಣೀರಿನದು ಕೂಡ. ಆ ‘ಬಹುಶಃ’ ಎಂಬ ಪದದ ಹಿಂದೆ ಒಂದು ಗಂಭೀರವಾದ ಅಳುಕಿತ್ತು. ಒದೆತ, ಬೀಳಾಟ, ಓಡಾಟಗಳ ಅಬ್ಬರದ ಹಾಸ್ಯವನ್ನೂ ನಿಜವಾದ ದುಃಖವನ್ನೂ ಬೆರೆಸಿದರೆ ಎರಡೂ ಕೆಡುತ್ತವೆ, ಒಂದೋ ಶುದ್ಧ ಪ್ರಹಸನವಿರಬೇಕು ಇಲ್ಲವೇ ಶುದ್ಧ ನಾಟಕವಿರಬೇಕು ಎಂದು ಲೇಖಕರೊಬ್ಬರು ತಮ್ಮನ್ನು ಎಚ್ಚರಿಸಿದ್ದರೆಂಬುದನ್ನು ಚಾಪ್ಲಿನ್ ತಮ್ಮ ಆತ್ಮಕಥೆಯಲ್ಲಿ ನೆನೆದಿದ್ದಾರೆ.

ಈ ಎಚ್ಚರಿಕೆಯನ್ನು ನಾವು ಸುಲಭವಾಗಿ ತಳ್ಳಿಹಾಕುವಂತಿಲ್ಲ. ನಮ್ಮ ಅಲಂಕಾರಶಾಸ್ತ್ರವೂ ಇದನ್ನೇ ಹೇಳುತ್ತದೆ. ರಸಗಳಲ್ಲಿ ಕೆಲವು ಒಂದಕ್ಕೊಂದು ಮಿತ್ರ, ಕೆಲವು ವಿರೋಧಿ. ಹಾಸ್ಯಕ್ಕೆ ಕರುಣವು ವಿರೋಧಿ ಎಂದು ವಿಶ್ವನಾಥನ ‘ಸಾಹಿತ್ಯದರ್ಪಣ’ ಸ್ಪಷ್ಟವಾಗಿಯೇ ಪಟ್ಟಿಮಾಡುತ್ತದೆ. ಆದರೆ ಅದೇ ಶಾಸ್ತ್ರಪರಂಪರೆಯಲ್ಲಿ ಈ ವಿರೋಧವನ್ನು ಪರಿಹರಿಸುವ ದಾರಿಯೂ ಇದೆ. ವಿರೋಧಿ ರಸಗಳೆರಡೂ ಮತ್ತೊಂದು ಪ್ರಧಾನ ರಸಕ್ಕೆ ಅಂಗವಾಗಿ ನಿಂತಾಗ ಅವುಗಳ ಜಗಳ ಅಡಗುತ್ತದೆ ಎಂಬುದು ‘ಧ್ವನ್ಯಾಲೋಕ’ದಲ್ಲಿ ಆನಂದವರ್ಧನನು ತೋರಿಸಿಕೊಟ್ಟ ಪರಿಹಾರಗಳಲ್ಲೊಂದು. ‘ದಿ ಕಿಡ್’ ಚಿತ್ರವನ್ನು ಎಷ್ಟು ಸಲ ನೋಡಿದರೂ ನನಗೆ ಈ ಮಾತೇ ನೆನಪಾಗುತ್ತದೆ. ಇಲ್ಲಿ ಆ ಮೂರನೆಯ ರಸ ವಾತ್ಸಲ್ಯ. ಚಿತ್ರದ ಪ್ರತಿಯೊಂದು ನಗೆಯೂ ಮಗುವನ್ನು ಸಾಕುವ ಒಂದು ಕೆಲಸದಿಂದ ಹುಟ್ಟುತ್ತದೆ, ಪ್ರತಿಯೊಂದು ಅಳುವೂ ಆ ಕೆಲಸಕ್ಕೆ ಅಡ್ಡಿ ಬಂದಾಗ ಹುಟ್ಟುತ್ತದೆ. ಚಾಪ್ಲಿನ್ ಈ ಶಾಸ್ತ್ರವನ್ನು ಓದಿರಲಿಲ್ಲ, ಓದಬೇಕಾಗಿಯೂ ಇರಲಿಲ್ಲ. ಆದರೆ ಅವರು ಕಟ್ಟಿದ ಚಿತ್ರ ಹೇಗೆ ನಿಂತಿದೆಯೆಂದು ಅರಿಯಲು ಇದಕ್ಕಿಂತ ಒಳ್ಳೆಯ ಕೀಲಿಕೈ ನನಗೆ ಸಿಕ್ಕಿಲ್ಲ.

ಮೊದಲು ಆ ಒಲ್ಲದಿಕೆಯನ್ನೇ ಹತ್ತಿರದಿಂದ ನೋಡೋಣ, ಏಕೆಂದರೆ ಉಳಿದದ್ದೆಲ್ಲ ಅದರ ಮೇಲೆ ನಿಂತಿದೆ. ಧರ್ಮಾಸ್ಪತ್ರೆಯಿಂದ ಹೊರಬಿದ್ದ, ಗಂಡನ ಆಸರೆಯಿಲ್ಲದ ತಾಯಿಯೊಬ್ಬಳು ತನ್ನ ಹಸುಗೂಸನ್ನು ಸಿರಿವಂತರ ಮನೆಯ ಮುಂದೆ ನಿಂತ ಕಾರಿನಲ್ಲಿ, ಒಂದು ಚೀಟಿಯೊಡನೆ ಇಟ್ಟುಹೋಗುತ್ತಾಳೆ. ಕಳ್ಳರು ಆ ಕಾರನ್ನೇ ಕದ್ದೊಯ್ದು, ಒಳಗೆ ಕೂಸಿರುವುದನ್ನು ಕಂಡು ಬಡವರ ಕೇರಿಯ ಓಣಿಯಲ್ಲಿ ಕಸದ ಪಕ್ಕ ಬಿಟ್ಟು ಓಡುತ್ತಾರೆ. ಅಲೆಮಾರಿಯು ಅದೇ ಓಣಿಯಲ್ಲಿ ಬೆಳಗಿನ ವಾಯುವಿಹಾರಕ್ಕೆ ಬರುತ್ತಾನೆ. ಮೇಲಿನ ಕಿಟಕಿಗಳಿಂದ ಜನ ಕಸ ಸುರಿಯುತ್ತಿದ್ದಾರೆ. ಒಂದಿಷ್ಟು ಅವನ ಮೇಲೂ ಬೀಳುತ್ತದೆ. ಕೂಸು ಕಂಡಾಗ ಅವನು ಮಾಡುವ ಮೊದಲ ಕೆಲಸವೆಂದರೆ ತಲೆಯೆತ್ತಿ ಕಿಟಕಿಗಳ ಕಡೆ ನೋಡುವುದು. ಕಸದಂತೆ ಇದನ್ನೂ ಯಾರೋ ಮೇಲಿನಿಂದ ಎಸೆದಿರಬೇಕು ಎಂಬ ಊಹೆ ಆ ಒಂದೇ ನೋಟದಲ್ಲಿದೆ. ನಾವು ನಗುತ್ತೇವೆ. ಆದರೆ ಆ ಊಹೆ ತಪ್ಪಲ್ಲವಲ್ಲ! ಕೂಸನ್ನು ನಿಜವಾಗಿಯೂ ಮೇಲಿನಿಂದ ಕೆಳಕ್ಕೆ ಎಸೆಯಲಾಗಿದೆ. ಸಿರಿವಂತರ ಬೀದಿಯಿಂದ ಬಡವರ ಓಣಿಗೆ. ಒಂದು ಭಾಷಣ ಹೇಳಬೇಕಾದುದನ್ನು ಕತ್ತಿನ ಒಂದು ಚಲನೆ ಹೇಳಿಮುಗಿಸಿದೆ.

ಮುಂದೆ ಅವನು ಕೂಸನ್ನು ಸಾಗಹಾಕಲು ಹೊರಡುತ್ತಾನೆ. ತಳ್ಳುಗಾಡಿಯಲ್ಲಿ ತನ್ನ ಮಗುವನ್ನು ಕರೆತರುತ್ತಿರುವ ಹೆಂಗಸಿಗೆ, ನಿಮ್ಮದೇನೋ ಬಿದ್ದುಹೋಯಿತು ಎಂಬಂತೆ ಇದನ್ನೂ ಸೇರಿಸಿಕೊಡುತ್ತಾನೆ, ಅವಳು ಒಪ್ಪುವುದಿಲ್ಲ. ಸಿಕ್ಕಿದ ಜಾಗದಲ್ಲೇ ಮತ್ತೆ ಇಡಲು ಹೋದರೆ ಬೆನ್ನ ಹಿಂದೆ ಪೊಲೀಸಿನವನು ನಿಂತಿದ್ದಾನೆ. ಒಬ್ಬ ಮುದುಕನಿಗೆ ಸ್ವಲ್ಪ ಹಿಡಿದಿರಿ ಎಂದು ಕೊಟ್ಟು ಓಡಿದರೆ, ಆ ಮುದುಕನು ಅದನ್ನು ಅದೇ ಹೆಂಗಸಿನ ಗಾಡಿಗೆ ತುರುಕಿ ಹೋಗುತ್ತಾನೆ. ಅವಳು ಅಲೆಮಾರಿಯನ್ನು ಹಿಡಿದು ಹೊಡೆಯುತ್ತಾಳೆ. ಹೀಗೆ ಕೂಸು ಚೆಂಡಿನಂತೆ ತಿರುಗಿ ತಿರುಗಿ ಇವನ ತೋಳಿಗೇ ಬರುತ್ತದೆ. ಈ ಸರಣಿಯಲ್ಲಿ ಗಮನಿಸಬೇಕಾದ್ದು ಒಂದಿದೆ. ಅಲೆಮಾರಿಯೊಬ್ಬನೇ ಒಲ್ಲದವನಲ್ಲ, ಇಡೀ ಓಣಿಯೇ ಒಲ್ಲದು. ಮಕ್ಕಳೊಂದಿಗೆ ಮನೆಯಿರುವ ತಾಯಿಗೂ ಬೇಡ, ವಯಸ್ಸಾದವನಿಗೂ ಬೇಡ, ಕಾನೂನಿಗೆ ಬೇಕಾಗಿರುವುದು ಅದು ಬೀದಿಯಲ್ಲಿ ಬೀಳಬಾರದು ಎಂಬುದಷ್ಟೇ. ಆದ್ದರಿಂದ ಅವನು ಚರಂಡಿಯ ಜಾಲರಿಯನ್ನು ಎತ್ತಿದಾಗ ನಾವು ಅವನನ್ನು ಕ್ರೂರಿಯೆಂದು ಕಾಣುವುದಿಲ್ಲ. ಎಲ್ಲರೂ ಮಾಡುತ್ತಿರುವುದನ್ನು ಅದರ ಕಟ್ಟಕಡೆಯ ಅರ್ಥದವರೆಗೆ ಒಯ್ದು ನೋಡಿದವನು ಅವನು; ನೋಡಿ, ಅದು ಆಗದ ಮಾತೆಂದು ಮುಚ್ಚಿದವನೂ ಅವನೇ. ಇದಾದ ಮೇಲೆಯೇ ಅವನಿಗೆ ಬಟ್ಟೆಯೊಳಗಿನ ಚೀಟಿ ಸಿಗುತ್ತದೆ: ಈ ಅನಾಥ ಕೂಸನ್ನು ದಯವಿಟ್ಟು ಪ್ರೀತಿಸಿ, ಸಾಕಿ. ಚೀಟಿ ಓದಿದ್ದರಿಂದ ಅವನು ಮನಸ್ಸು ಬದಲಿಸಿದ ಎಂದು ಕಥೆಯ ಸಾರಾಂಶಗಳು ಹೇಳುತ್ತವೆ. ನನ್ನ ಓದು ಬೇರೆ. ಜಾಲರಿ ಮುಚ್ಚಿದಾಗಲೇ ತೀರ್ಮಾನ ಆಗಿಹೋಗಿತ್ತು. ಚೀಟಿ ಅದಕ್ಕೆ ಮಾತು ಕೊಟ್ಟಿತು. ಓಣಿಯ ಹೆಂಗಸರು ಹೆಸರೇನೆಂದು ಕೇಳಿದಾಗ ಅವನು ತಬ್ಬಿಬ್ಬಾಗಿ ಬಾಗಿಲೊಳಗೆ ಹೋಗಿ, ಕೂಸು ಗಂಡೋ ಹೆಣ್ಣೋ ನೋಡಿಕೊಂಡು ಹೊರಬಂದು, ಜಾನ್ ಎನ್ನುತ್ತಾನೆ. ನಾಮಕರಣ ಅಲ್ಲಿಗೆ ಮುಗಿಯಿತು.

ಅಟ್ಟದ ಕೋಣೆಯಲ್ಲಿ ಕೂಸನ್ನು ಸಾಕುವ ದೃಶ್ಯವು ಚಿತ್ರದ ನಿಜವಾದ ಹೃದಯವೆಂದು ನಾನು ಭಾವಿಸುತ್ತೇನೆ. ತೊಟ್ಟಿಲಿಲ್ಲ, ಹಾಲಿನ ಬಾಟಲಿಯಿಲ್ಲ, ಬಟ್ಟೆಬರೆಯಿಲ್ಲ. ಇರುವುದನ್ನೇ ಅವನು ಬೇರೆಯಾಗಿ ಬಳಸುತ್ತಾನೆ. ಬಟ್ಟೆಯ ಜೋಲಿ ಕಟ್ಟುತ್ತಾನೆ. ಮೂತಿಯಿರುವ ಹಳೆಯ ಕಾಫಿ ಪಾತ್ರೆಯೊಂದನ್ನು ಹಗ್ಗದಲ್ಲಿ ತೂಗುಹಾಕಿ, ಮೂತಿಗೆ ರಬ್ಬರಿನ ತೊಟ್ಟು ಸಿಕ್ಕಿಸಿ, ಕೂಸಿನ ಬಾಯಿಗೆ ಸರಿಯಾಗಿ ಬರುವಂತೆ ಇಳಿಬಿಡುತ್ತಾನೆ. ತಾನು ಕುಳಿತು ಬಟ್ಟೆಯನ್ನು ಕತ್ತರಿಸಿ ಚೌಕಗಳನ್ನು ಮಾಡುತ್ತಾನೆ. ಬೆತ್ತದ ಕುರ್ಚಿಯ ನಡುವೆ ತೂತು ಕೊರೆದು, ಕೆಳಗೆ ಉಗುಳುವ ಪಾತ್ರೆ ಇಟ್ಟು, ಮುಂದಿನ ದಿನಗಳಿಗೆಂದು ಶೌಚದ ಪೀಠವನ್ನೂ ಸಿದ್ಧಮಾಡುತ್ತಾನೆ. ನಮ್ಮ ಮನೆಗಳಲ್ಲಿ ಅಜ್ಜಿಯರು ಒಳಲೆಯಲ್ಲಿ ಮಗುವಿಗೆ ಹಾಲು ಹಾಕುವುದನ್ನು ಕಂಡವರಿಗೆ ಆ ಕಾಫಿ ಪಾತ್ರೆ ಅಷ್ಟೇನೂ ವಿಚಿತ್ರವೆನಿಸದು. ಮೂತಿಯಿರುವ ಪಾತ್ರೆ ಮಗುವಿನ ಬಾಯಿಗೆ ಒದಗುವುದು ಹಳೆಯ ತಿಳಿವಳಿಕೆಯೇ. ವಿಚಿತ್ರವಿರುವುದು ಅದು ತೂಗಾಡುವುದರಲ್ಲಿ, ಮತ್ತು ಅದನ್ನು ಕಟ್ಟಿದವನ ಮುಖದಲ್ಲಿರುವ ಕುಶಲಕರ್ಮಿಯ ಶ್ರದ್ಧೆಯಲ್ಲಿ.

ಒಂದು ವಸ್ತುವನ್ನು ಅದರದಲ್ಲದ ಕೆಲಸಕ್ಕೆ ಹಚ್ಚಿ ನಗಿಸುವುದು ಚಾಪ್ಲಿನ್ ಅವರ ಹಳೆಯ ಕಸುಬು. ಅವರ ಕಿರುಚಿತ್ರಗಳ ತುಂಬ ಇಂಥವು ಸಿಗುತ್ತವೆ. ಅಲ್ಲಿ ಅದು ಜಾಣ್ಮೆಯ ಪ್ರದರ್ಶನವಾಗಿತ್ತು. ಇಲ್ಲಿ ಅದೇ ಕಸುಬು ಒಂದು ಉದ್ದೇಶಕ್ಕೆ ಒದಗಿದೆ. ಪಾತ್ರೆ ತೂಗಾಡಿದಾಗ ನಮಗೆ ನಗು ಬರುತ್ತದೆ, ಆದರೆ ಆ ಪಾತ್ರೆ ಕೆಲಸ ಮಾಡುತ್ತದೆ: ಕೂಸು ಹಾಲು ಕುಡಿಯುತ್ತದೆ. ಹಾಸ್ಯವು ಮಗುವಿನ ಹೊಟ್ಟೆ ತುಂಬಿಸುತ್ತದೆ ಎಂದರೆ ಅತಿಶಯೋಕ್ತಿಯಲ್ಲ. ನಗು ಬಂದ ಕ್ಷಣದಲ್ಲೇ ಬಡತನವೂ ಕಾಣುತ್ತದೆ, ಆ ಬಡತನವನ್ನು ಮೀರಿದ ಕಾಳಜಿಯೂ ಕಾಣುತ್ತದೆ. ಮೂರನ್ನೂ ಬೇರ್ಪಡಿಸಲು ಬರುವುದಿಲ್ಲ.

ಐದು ವರ್ಷ ಕಳೆದಿದೆ ಎಂದು ತೆರೆಯ ಬರಹ ಹೇಳುತ್ತದೆ, ಹುಡುಗ ಬೀದಿಯ ಅಂಚಿನಲ್ಲಿ ಕುಳಿತಿರುತ್ತಾನೆ. ಈ ಹುಡುಗ ಜಾಕಿ ಕೂಗನ್, 1914ರ ಅಕ್ಟೋಬರ್ 26ರಂದು ಲಾಸ್ ಏಂಜಲೀಸಿನಲ್ಲಿ ಹುಟ್ಟಿದವನು. ಅಪ್ಪ ಜ್ಯಾಕ್ ಕೂಗನ್ ರಂಗದ ಮೇಲೆ ಕುಣಿಯುವ ಕಲಾವಿದ. ಅವನ ಪ್ರದರ್ಶನದ ಕೊನೆಯಲ್ಲಿ ಕಾಣಿಸಿಕೊಂಡ ಪುಟ್ಟ ಮಗನನ್ನು ಚಾಪ್ಲಿನ್ ಲಾಸ್ ಏಂಜಲೀಸಿನ ಆರ್ಫಿಯಂ ರಂಗಮಂದಿರದಲ್ಲಿ ಕಂಡರು. ಸಾಕಿದವನ ಕಸುಬು ಈಗ ಕಿಟಕಿಗೆ ಗಾಜು ಕೂರಿಸುವುದು. ಹುಡುಗನು ಮುಂದೆ ಹೋಗಿ ಕಲ್ಲೆಸೆದು ಗಾಜು ಒಡೆಯುತ್ತಾನೆ, ಬೆನ್ನ ಮೇಲೆ ಗಾಜು ಹೊತ್ತವನು ಕಾಕತಾಳೀಯವೆಂಬಂತೆ ಹಿಂದೆಯೇ ಬರುತ್ತಾನೆ. ಒಂದು ಮನೆಯ ಮುಂದೆ ಹುಡುಗ ಕಲ್ಲೆಸೆಯಲು ಕೈಯನ್ನು ಹಿಂದಕ್ಕೆ ಬೀಸಿದಾಗ, ಆ ಕೈ ಹಿಂದೆ ನಿಂತ ಪೊಲೀಸನ ಅಂಗಿಗೆ ತಾಗುತ್ತದೆ. ಹುಡುಗ ತಿರುಗಿ ನೋಡುತ್ತಾನೆ. ಕೈಯಲ್ಲಿರುವ ಕಲ್ಲು ಈಗ ಆಟದ ವಸ್ತುವಾಗಬೇಕು. ಅವನು ಅದನ್ನು ಮೇಲಕ್ಕೆಸೆದು ಹಿಡಿಯುತ್ತಾನೆ, ಆಮೇಲೆ ಮುಗ್ಧನಂತೆ ಅದನ್ನು ಬಿಸಾಡಿ ಮೆಲ್ಲಗೆ ಹೆಜ್ಜೆ ಹಾಕಿ, ಒಮ್ಮೆಗೇ ಓಟ ಕೀಳುತ್ತಾನೆ. ಐದು ವರ್ಷ ತುಂಬುವ ಆಸುಪಾಸಿನ ಮಗು ಇದನ್ನು ಮಾಡಿದ್ದು ಹೇಗೆ ಎಂಬ ಪ್ರಶ್ನೆಗೆ ಚಾಪ್ಲಿನ್ ಆತ್ಮಕಥೆಯಲ್ಲಿ ಉತ್ತರವಿದೆ. ಮೂಕಾಭಿನಯದ ಕೆಲವು ಮೂಲನಿಯಮಗಳನ್ನು ಕಲಿಸಿದರೆ ಸಾಕಿತ್ತು. ಭಾವವನ್ನು ಕ್ರಿಯೆಗೂ ಕ್ರಿಯೆಯನ್ನು ಭಾವಕ್ಕೂ ಹೊಂದಿಸುವುದು ಅವನಿಗೆ ಬೇಗ ಒಲಿಯಿತು, ಮತ್ತೆ ಮತ್ತೆ ಮಾಡಿದರೂ ಅವನ ಸಹಜತೆ ಮಾಸುತ್ತಿರಲಿಲ್ಲ.

ಈ ಕಲಿಕೆ ಚಿತ್ರದ ಅರ್ಥಕ್ಕೂ ಒದಗಿದೆ. ಹುಡುಗನ ಭುಜ ಕುಣಿಸುವಿಕೆ, ತಲೆ ಓರೆಮಾಡುವಿಕೆ, ಪೊಲೀಸನ ಮುಂದೆ ತೋರುವ ಸಭ್ಯತೆ, ಎಲ್ಲವೂ ಅಲೆಮಾರಿಯ ಪ್ರತಿರೂಪ. ರಕ್ತಸಂಬಂಧವಿಲ್ಲದ ಮಗು ಸಾಕಿದವನನ್ನು ಹೋಲುವುದು ನಡವಳಿಕೆಯಲ್ಲಿ. ಚಿತ್ರ ಇದನ್ನು ಮಾತಿಲ್ಲದೆ ನಮ್ಮ ಕಣ್ಣಿಗೆ ಹಿಡಿಯುತ್ತದೆ. ಅಟ್ಟದಲ್ಲಿ ಹುಡುಗ ಒಲೆಯ ಮುಂದೆ ನಿಂತು ದೋಸೆಯಂತಹ ಪ್ಯಾನ್‌ಕೇಕ್ ಹುಯ್ಯುತ್ತಾನೆ, ದೊಡ್ಡವನು ಹಾಸಿಗೆಯಲ್ಲಿ ಮಲಗಿ ಪತ್ರಿಕೆ ಓದುತ್ತಾನೆ. ಕರೆದಾಗ ಎದ್ದು, ಹೊದ್ದ ಕಂಬಳಿಯ ತೂತಿನಲ್ಲಿ ತಲೆ ತೂರಿಸಿದರೆ ಕಂಬಳಿಯೇ ನಿಲುವಂಗಿ. ಊಟಕ್ಕೆ ಮುಂಚೆ ಹುಡುಗನ ಮುಖ, ಕಿವಿಗಳನ್ನು ಒರೆಸಿ ಪರೀಕ್ಷಿಸುವುದು ಮಾತ್ರ ತಪ್ಪುವುದಿಲ್ಲ. ಯಾರು ಯಾರನ್ನು ಸಾಕುತ್ತಿದ್ದಾರೆ ಎಂಬುದೇ ಇಲ್ಲಿ ಕಲಸಿಹೋಗಿದೆ, ಆ ಕಲಸಿಹೋಗುವಿಕೆಯೇ ಸಂಸಾರ.

ಈ ಅಟ್ಟ ಎಲ್ಲಿಂದ ಬಂತು? ಚಿತ್ರದ ಊರಿಗೆ ಹೆಸರಿಲ್ಲ. ನಾಣ್ಯ ಅಮೆರಿಕದ್ದು, ಓಣಿಯ ಚಹರೆ ಲಂಡನ್ನಿನದು. 1889ರಲ್ಲಿ ಹುಟ್ಟಿದ ಚಾಪ್ಲಿನ್ ಬೆಳೆದದ್ದು ದಕ್ಷಿಣ ಲಂಡನ್ನಿನ ಲ್ಯಾಂಬೆತ್, ಕೆನ್ನಿಂಗ್ಟನ್‌ಗಳ ಬಡ ಬೀದಿಗಳಲ್ಲಿ. ಪೌನಲ್ ಟೆರೇಸಿನ ಅಟ್ಟದ ಕೋಣೆಯೊಂದರಲ್ಲಿ ತಾಯಿ ಹ್ಯಾನಾ ಜೊತೆ ಕಳೆದ ದಿನಗಳನ್ನು ಅವರು ಕೊನೆಯವರೆಗೂ ಮರೆಯಲಿಲ್ಲ. 1896ರಲ್ಲಿ, ಏಳು ವರ್ಷದವರಿದ್ದಾಗ, ಹೊಟ್ಟೆಗಿಲ್ಲದ ತಾಯಿ ಇಬ್ಬರು ಮಕ್ಕಳೊಂದಿಗೆ ನಿರ್ಗತಿಕರ ದುಡಿಮೆಮನೆಯನ್ನು ಸೇರಬೇಕಾಯಿತು. ಕೆಲವೇ ವಾರಗಳಲ್ಲಿ ಮಕ್ಕಳನ್ನು ತಾಯಿಯಿಂದ ಬೇರ್ಪಡಿಸಿ, ಬ್ರೆಡ್ ಸಾಗಿಸುವ ಕುದುರೆಗಾಡಿಯಲ್ಲಿ ಕೂರಿಸಿ, ಲಂಡನ್ನಿನಿಂದ ಸುಮಾರು ಹನ್ನೆರಡು ಮೈಲಿ ದೂರದ ಹ್ಯಾನ್‌ವೆಲ್‌ನ ಅನಾಥ ಮಕ್ಕಳ ಶಾಲೆಗೆ ಒಯ್ಯಲಾಯಿತು. ಇನ್ನೊಂದು ನೋವು ಇನ್ನೂ ಹಸಿಯಾಗಿತ್ತು. 1919ರ ಜುಲೈ 7ರಂದು ಚಾಪ್ಲಿನ್ ಮತ್ತು ಮಿಲ್‌ಡ್ರೆಡ್ ಹ್ಯಾರಿಸ್ ದಂಪತಿಗೆ ಹುಟ್ಟಿದ ಮೊದಲ ಮಗು ಮೂರೇ ದಿನಕ್ಕೆ ತೀರಿಕೊಂಡಿತು. ಆ ತಿಂಗಳು ಮುಗಿಯುವ ಮೊದಲೇ ಚಾಪ್ಲಿನ್ ತಮ್ಮ ಸ್ಟುಡಿಯೊದಲ್ಲಿ ಹೊಸ ಚಿತ್ರಕ್ಕಾಗಿ ಹಸುಗೂಸುಗಳನ್ನು ನೋಡುತ್ತಿದ್ದರು. ಜೀವನದ ನೋವು ಹಾಗೆಯೇ ಕಲೆಯಾಗುತ್ತದೆ ಎಂದು ನಾನು ಹೇಳಲಾರೆ. ನೋವುಂಡವರೆಲ್ಲ ಇಂಥ ಚಿತ್ರ ಮಾಡುವುದಿಲ್ಲ. ಆದರೆ ಮಗುವನ್ನು ಗಾಡಿಯಲ್ಲಿ ಒಯ್ಯುವ ದೃಶ್ಯವನ್ನು ಕಟ್ಟುವಾಗ, ಗಾಡಿಯ ಒಳಗಿನಿಂದ ಅದು ಹೇಗೆ ಕಾಣುತ್ತದೆಂದು ಈ ನಿರ್ದೇಶಕರಿಗೆ ಗೊತ್ತಿತ್ತು.

ಆ ದೃಶ್ಯಕ್ಕೆ ಬರುವ ದಾರಿ ಹೀಗಿದೆ. ಹುಡುಗನಿಗೆ ಜ್ವರ ಬರುತ್ತದೆ. ಬಂದ ವೈದ್ಯರು ನೀನು ಇವನ ತಂದೆಯೇ ಎಂದು ಕೇಳುತ್ತಾರೆ. ಹೆಚ್ಚುಕಡಿಮೆ ಹಾಗೆಯೇ, ಎನ್ನುತ್ತಾನೆ ಅಲೆಮಾರಿ. ಹಾಗೆಂದರೇನು ಎಂದಾಗ ಆ ಹಳೆಯ ಚೀಟಿಯನ್ನು ತೆಗೆದು ತೋರಿಸುತ್ತಾನೆ. ಐದು ವರ್ಷ ಜೋಪಾನವಾಗಿಟ್ಟ ಚೀಟಿ, ತನ್ನ ಹಕ್ಕಿಗೆ ಸಾಕ್ಷಿಯೆಂದು ಅವನು ನಂಬಿದ ಚೀಟಿ, ಅವನು ತಂದೆಯಲ್ಲ ಎಂಬುದಕ್ಕೆ ಸಾಕ್ಷಿಯಾಗುತ್ತದೆ. ವೈದ್ಯರು ಅದನ್ನು ತಮ್ಮಲ್ಲೇ ಇಟ್ಟುಕೊಂಡು, ಮಗುವಿಗೆ ಸರಿಯಾದ ಆರೈಕೆ ಬೇಕು ಎಂದು ತೀರ್ಮಾನಿಸುತ್ತಾರೆ. ಜ್ವರ ಇಳಿಯುವವರೆಗೆ ಆರೈಕೆ ಮಾಡಿದವನು ಪಕ್ಕದಲ್ಲೇ ನಿಂತಿದ್ದಾನೆ. ಈ ವಿಚಾರ ಆ ಕಾಲಕ್ಕೆ ಕಲ್ಪನೆಯದಾಗಿರಲಿಲ್ಲ. ಬಡತನವೊಂದೇ ಕಾರಣಕ್ಕೆ ಮಕ್ಕಳನ್ನು ಮನೆಯಿಂದ ಬೇರ್ಪಡಿಸಬಾರದು ಎಂದು 1909ರಲ್ಲಿ ಅಧ್ಯಕ್ಷ ಥಿಯೋಡರ್ ರೂಸ್ವೆಲ್ಟ್ ಕರೆದ ಶ್ವೇತಭವನದ ಸಮಾವೇಶ ಹೇಳಿತ್ತು. ಹೇಳಬೇಕಾಗಿ ಬಂದದ್ದೇ ಹಾಗೆ ಬೇರ್ಪಡಿಸುವುದು ರೂಢಿಯಾಗಿದ್ದರಿಂದ. ಇಂಗ್ಲೆಂಡಿನಲ್ಲಂತೂ ದತ್ತು ಸ್ವೀಕಾರಕ್ಕೆ ಕಾನೂನಿನ ಮಾನ್ಯತೆ ಸಿಕ್ಕಿದ್ದು 1926ರ ಕಾಯಿದೆಯಿಂದ. ಅಲೆಮಾರಿಯಂಥವರು ಮಾಡಿದ ಪಾಲನೆಗೆ ಕಾಗದದ ಮೇಲೆ ಹೆಸರೇ ಇರಲಿಲ್ಲ.

ಅನಾಥಾಲಯದ ಅಧಿಕಾರಿ ಬರುತ್ತಾನೆ. ಅವನು ಅಲೆಮಾರಿಯೊಡನೆ ನೇರವಾಗಿ ಮಾತನಾಡುವುದಿಲ್ಲ; ಅದೇ ಪುಟ್ಟ ಕೋಣೆಯಲ್ಲಿ ನಿಂತು ತನ್ನ ಸಹಾಯಕನ ಮೂಲಕ ಪ್ರಶ್ನೆ ಕೇಳಿಸುತ್ತಾನೆ. ಇದು ನಗೆಯ ತಂತ್ರವೇ, ಆದರೆ ಅವಮಾನದ ಇಷ್ಟು ನಿಖರವಾದ ಚಿತ್ರಣವನ್ನು ನಾನು ಗಂಭೀರ ನಾಟಕಗಳಲ್ಲೂ ಕಂಡದ್ದು ಕಡಿಮೆ. ಆಮೇಲೆ ಹೊಡೆದಾಟ: ಹಿಟ್ಟಿನ ಪಾತ್ರೆ ಹಾರುತ್ತದೆ, ಹುಡುಗ ಸುತ್ತಿಗೆ ಬೀಸುತ್ತಾನೆ. ಇವೆಲ್ಲ ಹಳೆಯ ಪ್ರಹಸನದ ಸಾಮಗ್ರಿ. ಪೊಲೀಸನು ಅಲೆಮಾರಿಯನ್ನು ಹಿಡಿದುಕೊಂಡಾಗ, ಹುಡುಗನನ್ನು ಎತ್ತಿ ತೆರೆದ ಲಾರಿಗೆ ಹಾಕುತ್ತಾರೆ. ಅವನು ಎರಡೂ ಕೈ ಚಾಚಿ ಅಂಗಲಾಚುತ್ತಾನೆ. ಚಿತ್ರಕ್ಕೆ ಧ್ವನಿಯಿಲ್ಲ, ಆದರೂ ಆ ಕೂಗು ಕೇಳಿಸಿತೆಂದು ನೋಡಿದವರು ಆಣೆ ಮಾಡಿ ಹೇಳುತ್ತಾರೆ. ಈ ಅಳುವಿನ ಹಿಂದೊಂದು ಕಥೆಯಿದೆ. ಆಟದ ಹುಮ್ಮಸ್ಸಿನಲ್ಲಿದ್ದ ಜಾಕಿಗೆ ಚಿತ್ರೀಕರಣದ ದಿನ ಅಳು ಬರಲೇ ಇಲ್ಲ. ಅಳದಿದ್ದರೆ ಸ್ಟುಡಿಯೊದಿಂದ ನಿಜವಾದ ದುಡಿಮೆಮನೆಗೆ ಒಯ್ದುಬಿಡುತ್ತೇವೆ ಎಂದು ಅವನ ಅಪ್ಪನೇ ಹೆದರಿಸಿದ. ಮಗು ಬಿಕ್ಕಿಬಿಕ್ಕಿ ಅತ್ತಿತು. ಚಿತ್ರೀಕರಣ ಮುಗಿದ ಮೇಲೆ ಚಾಪ್ಲಿನ್ ಅವನನ್ನು ಸಂತೈಸಲು ಹೋದಾಗ, ಅಪ್ಪ ತಮಾಷೆ ಮಾಡುತ್ತಿದ್ದನೆಂದು ನನಗೆ ಗೊತ್ತಿತ್ತು ಎಂದು ಜಾಕಿ ಪಿಸುಗುಟ್ಟಿದನಂತೆ. ಮಗುವಿನ ಈ ಮಾತು ಕೇಳಿ ನೆಮ್ಮದಿಯಾಗುತ್ತದೆ. ಆದರೂ ಹಾಗೆ ಅಳಿಸಬಾರದಿತ್ತು ಎಂದೇ ನನ್ನ ಮನಸ್ಸು ಹೇಳುತ್ತದೆ.

ಪೊಲೀಸನ ಕೈಯಿಂದ ಬಿಡಿಸಿಕೊಂಡ ಅಲೆಮಾರಿ ಮಾಡುಗಳ ಮೇಲೆ ಏರಿ, ಇಳಿಜಾರು ಹೆಂಚುಗಳ ಮೇಲೆ ಜಾರುತ್ತ, ಲಾರಿ ಹೋಗುವ ದಾರಿಗೆ ಅಡ್ಡಹಾಯ್ದು ಓಡುತ್ತಾನೆ. ಬೆನ್ನಟ್ಟುವಿಕೆ ಮೂಕಿ ಹಾಸ್ಯಚಿತ್ರಗಳ ಸವಕಲು ನಾಣ್ಯ. ಓಡುವವನು ಬಿದ್ದರೆ ನಗು. ಇಲ್ಲಿ ಅವನು ಬಿದ್ದರೆ ಮಗು ಹೋಯಿತು. ಅದೇ ಜಾರುವಿಕೆ, ಅದೇ ತಡವರಿಕೆ, ಆದರೆ ನಗು ಗಂಟಲಲ್ಲೇ ನಿಲ್ಲುತ್ತದೆ. ಅವನು ಲಾರಿಗೆ ಧುಮುಕಿ, ಅಧಿಕಾರಿಯನ್ನು ಹೊರಗೆಸೆದು, ಹುಡುಗನನ್ನು ಅಪ್ಪಿ ಮುತ್ತಿಡುತ್ತಾನೆ. ಚಾಪ್ಲಿನ್ ಅವರ ಕ್ಯಾಮೆರಾ ಸಾಮಾನ್ಯವಾಗಿ ದೂರ ನಿಂತು, ಮೈಯೆಲ್ಲ ಕಾಣುವಂತೆ, ಹೆಚ್ಚು ಅಲುಗಾಡದೆ ನೋಡುತ್ತದೆ. ನಗೆಗೆ ಕೈಕಾಲು ಕಾಣಬೇಕು. ಈ ಅಪ್ಪುಗೆಗೆ ಅದು ಹತ್ತಿರ ಬರುತ್ತದೆ. ಇಬ್ಬರ ಮುಖಗಳು ಒಂದಕ್ಕೊಂದು ತಾಗಿ ನಡುಗುತ್ತಿರುವುದು ಕಾಣುತ್ತದೆ. ದೂರ ಮತ್ತು ಹತ್ತಿರಗಳ ಈ ಲೆಕ್ಕವೇ ಚಿತ್ರದ ವ್ಯಾಕರಣ. ಮತ್ತು ಅಪ್ಪುಗೆ ಮುಗಿದೊಡನೆ ಅಲೆಮಾರಿ ಲಾರಿಯಿಂದಿಳಿದು, ಓಡುತ್ತಿರುವ ಚಾಲಕನನ್ನು ಕಾಲು ಬಡಿದು ಹೆದರಿಸಿ ಇನ್ನಷ್ಟು ದೂರ ಓಡಿಸುತ್ತಾನೆ. ಕಣ್ಣೀರು ಒಣಗುವ ಮೊದಲೇ ನಗು ವಾಪಸಾಗಿದೆ.

ಚಿತ್ರದಲ್ಲಿ ಎಲ್ಲವೂ ಈ ಮಟ್ಟದ್ದಲ್ಲ. ತಾಯಿಯ ಕಥೆ ನನಗೆ ಭಾರವೆನಿಸುತ್ತದೆ. ಎಡ್ನಾ ಪರ್ವಿಯನ್ಸ್ ಘನತೆಯಿಂದ ಅಭಿನಯಿಸಿದ್ದಾರೆ ನಿಜ, ಆದರೆ ಅವಳ ನೋವನ್ನು ಹೇಳಲು ಶಿಲುಬೆ ಹೊತ್ತ ಕ್ರಿಸ್ತನ ಚಿತ್ರವನ್ನು ನಡುವೆ ತಂದಿರುವುದು ನೋಡುಗರನ್ನು ನಂಬದ ಕೆಲಸ. ಅವಳು ಹೆಸರಾಂತ ಗಾಯಕಿಯಾದ ಮೇಲೆ ಕೇರಿಯ ಮಕ್ಕಳಿಗೆ ಆಟಿಕೆ ಹಂಚಲು ಬಂದು ಮೆಟ್ಟಿಲ ಮೇಲೆ ಕುಳಿತಾಗ, ಬೆನ್ನ ಹಿಂದಿನ ಬಾಗಿಲು ತೆರೆದು ಅವಳ ಮಗನೇ ಬಂದು ಕೂರುತ್ತಾನೆ. ಇಬ್ಬರಿಗೂ ಅದು ತಿಳಿಯದು. ಇಂಥದೊಂದು ದೃಶ್ಯವಿದ್ದ ಮೇಲೆ ಶಿಲುಬೆ ಬೇಕಾಗಿರಲಿಲ್ಲ. ಚಾಪ್ಲಿನ್ ಅವರಿಗೂ ಹೀಗೆ ಅನಿಸಿರಬೇಕು. 1971ರಲ್ಲಿ, ತಮ್ಮ ಎಂಬತ್ತರ ದಶಕದಲ್ಲಿ, ಅವರು ಚಿತ್ರವನ್ನು ಮತ್ತೆ ಸಂಕಲಿಸಿ ತಾಯಿಯ ಕೆಲವು ದೃಶ್ಯಗಳನ್ನು ತೆಗೆದು, ಸುಮಾರು 53 ನಿಮಿಷಗಳಿಗೆ ಇಳಿಸಿ, ತಾವೇ ಸಂಗೀತ ಸಂಯೋಜಿಸಿದರು. ಇಂದು ಹೆಚ್ಚಾಗಿ ನೋಡಸಿಗುವುದು ಈ ಆವೃತ್ತಿಯೇ.

ಮೂಲ ಚಿತ್ರದ ತಯಾರಿಕೆಯೇ ಒಂದು ಸಾಹಸ. ತೆರೆಗೆ ಬಂದ ಪ್ರತಿ ಅಡಿ ಫಿಲ್ಮಿಗೆ ಐವತ್ತಕ್ಕೂ ಹೆಚ್ಚು ಅಡಿಗಳನ್ನು ಚಿತ್ರೀಕರಿಸಲಾಗಿತ್ತು. 1920ರಲ್ಲಿ ವಿಚ್ಛೇದನದ ವ್ಯಾಜ್ಯದಲ್ಲಿ ಫಿಲ್ಮ್ ಜಪ್ತಿಯಾಗುವ ಭಯ ಹುಟ್ಟಿದಾಗ, ಚಾಪ್ಲಿನ್ ನೆಗೆಟಿವ್‌ಗಳನ್ನೆಲ್ಲ ಹೊತ್ತು ಕ್ಯಾಲಿಫೋರ್ನಿಯದ ಗಡಿ ದಾಟಿ ಸಾಲ್ಟ್ ಲೇಕ್ ಸಿಟಿಯ ಹೋಟೆಲಿನ ಕೋಣೆಗಳಲ್ಲಿ ಸಂಕಲನ ನಡೆಸಿದರು. ಆ ಕಾಲದ ಫಿಲ್ಮ್ ನೈಟ್ರೇಟಿನದು, ಕಿಡಿ ತಾಗಿದರೆ ಭಗ್ಗೆನ್ನುವಂಥದು. ಅದನ್ನು ಮಂಚ, ಮೇಜುಗಳ ಮೇಲೆ ಹರಡಿಕೊಂಡು ಅವರು ಕೆಲಸ ಮಾಡಿದರು.

ತೆರೆಯ ಹೊರಗೆ ಆ ಹುಡುಗನಿಗೆ ಏನಾಯಿತೆಂಬುದನ್ನು ಹೇಳದೆ ಈ ಕಥೆ ಪೂರ್ಣವಾಗದು. ‘ದಿ ಕಿಡ್’ ಜಾಕಿ ಕೂಗನ್‌ನನ್ನು ಜಗತ್ತಿನ ಅತ್ಯಂತ ಪ್ರಸಿದ್ಧ ಮಗುವನ್ನಾಗಿ ಮಾಡಿತು. ಬಾಲನಟನಾಗಿ ಅವನು ದುಡಿದದ್ದು ಮೂರರಿಂದ ನಾಲ್ಕು ಮಿಲಿಯನ್ ಡಾಲರ್ ಎಂದು ಅಂದಾಜು. 1935ರಲ್ಲಿ ಅಪ್ಪ ಕಾರು ಅಪಘಾತದಲ್ಲಿ ತೀರಿಕೊಂಡ. ಅದೇ ವರ್ಷ ಮಗನಿಗೆ 21 ತುಂಬಿತು. ತನ್ನ ದುಡಿಮೆ ಎಲ್ಲಿ ಎಂದು ಕೇಳಿದಾಗ, ತಾಯಿ ಮತ್ತು ಮಲತಂದೆ ಅದು ನಿನ್ನದಲ್ಲ ಎಂದರು. ಕ್ಯಾಲಿಫೋರ್ನಿಯದ ಅಂದಿನ ಕಾನೂನಿನಲ್ಲಿ ಅಪ್ರಾಪ್ತರ ಗಳಿಕೆ ಹೆತ್ತವರದೇ ಆಗಿತ್ತು. 1938ರಲ್ಲಿ ಅವನು ಮೊಕದ್ದಮೆ ಹೂಡಿದ. ಕೊನೆಗೆ ಕೈಗೆ ಬಂದದ್ದು ಸುಮಾರು 1,26,000 ಡಾಲರ್. ಈ ಪ್ರಕರಣ ಎಬ್ಬಿಸಿದ ಆಕ್ರೋಶದಿಂದ 1939ರಲ್ಲಿ ಕ್ಯಾಲಿಫೋರ್ನಿಯ ಬಾಲಕಲಾವಿದರ ಗಳಿಕೆಯ ಒಂದು ಪಾಲನ್ನು ಅವರಿಗಾಗಿಯೇ ಕಾದಿಡುವ ಕಾನೂನು ತಂದಿತು. ಜನ ಅದನ್ನು ಇಂದಿಗೂ ಕೂಗನ್ ಕಾಯಿದೆ ಎಂದೇ ಕರೆಯುತ್ತಾರೆ. ಮಕ್ಕಳ ಗಳಿಕೆ ಮಕ್ಕಳದೇ ಆಸ್ತಿ ಎಂದು ಆ ಕಾನೂನು ತಿದ್ದುಪಡಿಯಾಗಿ ಸ್ಪಷ್ಟವಾಗಿ ಹೇಳಲು 2000ನೇ ಇಸವಿಯವರೆಗೆ ಕಾಯಬೇಕಾಯಿತು. ಈಗ ಕನಿಷ್ಠ ಶೇಕಡಾ 15ರಷ್ಟನ್ನು ತೆಗೆದಿಡಬೇಕು. ತೆರೆಯ ಮೇಲೆ ರಕ್ತಸಂಬಂಧವಿಲ್ಲದ ಬಡವನೊಬ್ಬ ಪೋಷಕನಾಗಿ ನಿಂತದ್ದನ್ನು ಕಂಡವರಿಗೆ, ತೆರೆಯ ಹೊರಗೆ ಕಾನೂನೇ ಒಪ್ಪಿದ ಪೋಷಕರು ಹೀಗೆ ನಡೆದುಕೊಂಡದ್ದು ಸಹಿಸಲಾರದ ಸಂಗತಿಯಾಗಿ ಕಂಡಿರಬೇಕು.

ಮತ್ತೆ ಚಿತ್ರಕ್ಕೆ ಬರೋಣ. ತಪ್ಪಿಸಿಕೊಂಡ ಇಬ್ಬರೂ ರಾತ್ರಿ ಕಳೆಯಲು ಬಡವರ ತಂಗುಮನೆಗೆ ಹೋಗುತ್ತಾರೆ. ಒಬ್ಬನಿಗಷ್ಟೇ ಕಾಸಿರುವುದರಿಂದ ಹುಡುಗನನ್ನು ಕದ್ದು ಒಳಗೆ ತರಬೇಕು. ಹುಡುಗ ಮಲಗುವ ಮುಂಚೆ ಮೊಣಕಾಲೂರಿ ಪ್ರಾರ್ಥಿಸಲೇಬೇಕು, ಮಾಲೀಕ ಬಂದಾಗ ಅಡಗಲೇಬೇಕು. ಅಷ್ಟರಲ್ಲಿ ವೈದ್ಯರ ಬಳಿಯಿದ್ದ ಚೀಟಿಯನ್ನು ಕಂಡು ಹುಡುಗ ತನ್ನ ಮಗನೇ ಎಂದು ತಾಯಿಗೆ ತಿಳಿದಿದೆ, ಅವನನ್ನು ಹುಡುಕಿಕೊಟ್ಟವರಿಗೆ ಬಹುಮಾನ ಸಾರಲಾಗಿದೆ. ಆ ಮಾಲೀಕ ಪತ್ರಿಕೆಯಲ್ಲಿ ಬಹುಮಾನದ ಸುದ್ದಿ ಓದಿ, ನಿದ್ದೆಯಲ್ಲಿರುವ ಮಗುವನ್ನು ಎತ್ತಿಕೊಂಡು ಹೋಗಿಬಿಡುತ್ತಾನೆ. ಯಾವ ಹೊಡೆದಾಟವೂ ಇಲ್ಲದೆ, ನಿದ್ದೆಯಲ್ಲೇ, ಎಲ್ಲವೂ ಮುಗಿಯುತ್ತದೆ. ರಾತ್ರಿಯೆಲ್ಲ ಹುಡುಕಿ ಸೋತ ಅಲೆಮಾರಿ ತನ್ನ ಹಳೆಯ ಬಾಗಿಲ ಮುಂದೆ ನಿದ್ದೆಹೋಗಿ ಕನಸು ಕಾಣುತ್ತಾನೆ: ಓಣಿಯೆಲ್ಲ ಹೂವು, ಎಲ್ಲರಿಗೂ ರೆಕ್ಕೆ, ಪೊಲೀಸನಿಗೂ ನಾಯಿಗೂ ಕೂಡ. ಈ ಸ್ವರ್ಗದ ಭಾಗ ಉಳಿದ ಚಿತ್ರದೊಡನೆ ಹೊಂದುವುದಿಲ್ಲವೆಂದು ಹಲವರು ಆಕ್ಷೇಪಿಸಿದ್ದಾರೆ, ಉದ್ದವಾಯಿತೆಂದು ನನಗೂ ಅನಿಸುತ್ತದೆ. ಆದರೆ ಅದರೊಳಗಿನ ಒಂದು ಮಾತು ಬೇಕಿತ್ತು. ಅವನು ಕಾಣಬಲ್ಲ ಸ್ವರ್ಗವೆಂದರೆ ಅದೇ ಓಣಿ, ಹುಡುಗನಿರುವ ಅದೇ ಓಣಿ. ಅಲ್ಲಿಗೂ ಪಾಪ ನುಸುಳುತ್ತದೆ, ಅಲ್ಲೂ ಪೊಲೀಸ್ ಗುಂಡು ಹಾರಿಸುತ್ತಾನೆ.

ನಿಜವಾದ ಪೊಲೀಸ್ ಅವನನ್ನು ಅಲುಗಾಡಿಸಿ ಎಬ್ಬಿಸುತ್ತಾನೆ. ಕುತ್ತಿಗೆ ಪಟ್ಟಿ ಹಿಡಿದು ಕಾರಿಗೆ ಹತ್ತಿಸುತ್ತಾನೆ. ಕಾರು ನಿಲ್ಲುವುದು ಠಾಣೆಯ ಮುಂದಲ್ಲ, ದೊಡ್ಡ ಮನೆಯೊಂದರ ಮುಂದೆ. ಬಾಗಿಲು ತೆರೆದಾಗ ತಾಯಿ ನಿಂತಿದ್ದಾಳೆ. ಹುಡುಗ ಓಡಿಬಂದು ಅಲೆಮಾರಿಯ ತೋಳಿಗೆ ಹಾರುತ್ತಾನೆ. ಪೊಲೀಸ್ ಕೈಕುಲುಕಿ ಹೊರಡುತ್ತಾನೆ. ಅವಳು ಇವನನ್ನು ಒಳಗೆ ಕರೆಯುತ್ತಾಳೆ. ಅವನು ಆ ಮನೆಯಲ್ಲಿ ಉಳಿದನೇ, ಒಂದು ಊಟ ಮುಗಿಸಿ ಅಟ್ಟಕ್ಕೆ ಮರಳಿದನೇ, ಹುಡುಗನು ಅವನನ್ನು ಏನೆಂದು ಕರೆದ, ಇದಾವುದನ್ನೂ ಚಿತ್ರ ಹೇಳುವುದಿಲ್ಲ. ಹೊಸ್ತಿಲು ದಾಟುವ ಅವನ ಬೆನ್ನು ಕಾಣುತ್ತದೆ, ಬಾಗಿಲು ಮುಚ್ಚಿಕೊಳ್ಳುತ್ತದೆ.